ಅಕ್ಟೋಬರ್ ಒಂದರೊಳಗೆ

ದಮನ್‌ಹೂರ್
18 ಜುಲೈ 2016

ಮೈಸಾ,

ಪತ್ರ ನೋಡಿ ನಗಬೇಡ. ನಿನ್ನ ಜೊತೆ ಫೋನಿನಲ್ಲಿ ಮಾತಾಡುವುದಿಲ್ಲ ಎಂದು ಹಬ್ಬದ ದಿನ ಆಣೆ ಮಾಡಿದ್ದೇನೆ. ಕಾಗದಕ್ಕೆ ಕಿವಿಯಿಲ್ಲ, ನಿನ್ನ ಫೋನಿಗಿದೆ. ಮಗಳ ಹತ್ತಿರ ಮಾತಾಡುತ್ತಿದ್ದೇನೆ ಎಂದುಕೊಂಡು ನಾನು ಬಾಯಿ ಬಿಟ್ಟರೆ, ನೀನು ಅದನ್ನು ಹಿಡಿದಿಟ್ಟುಕೊಂಡು ನಿನ್ನ ಹೆರಿಗೆ ಸಿನಿಮಾದ ತುಣುಕಿಗೆ ಅಂಟಿಸಿ ಊರಿಗೆಲ್ಲ ಕೇಳಿಸಿದೆ. "ನೋವು ಯಾಕೆ ತಿನ್ಬೇಕು, ಕೊಯ್ದು ತೆಗೆದ್ರೆ ಆಯ್ತು, ಹಲ್ಲು ಕಿತ್ತ ಹಾಗೆ" ಎಂದು ನಾನು ಹೇಳಿದ್ದು ನಿಜ. ಆದರೆ ನಿನಗೆ ಹೇಳಿದ್ದು. ಈಗ ಸಂತೆಗೆ ಹೋದರೆ, ಹಿರಿಯಳೆಂದು ಗೌರವದಿಂದ ಹಾಜಾ ಎನ್ನುವ ಬದನೆಕಾಯಿ ಮಾರುವವಳೂ "ಏನ್ ಹಾಜಾ, ಹಲ್ಲು ಹೇಗಿದೆ?" ಎನ್ನುತ್ತಾಳೆ.

ಇರಲಿ. ಸುದ್ದಿ ತಿಳಿಸುವುದು ತಾಯಿಯಾದವಳ ಕರ್ತವ್ಯ, ತಿಳಿಸುತ್ತಿದ್ದೇನೆ. ನಿನ್ನ ತಮ್ಮನ ಹೆಂಡತಿ ರಬಾಬ್ ಗರ್ಭಿಣಿ. ಕೂಸು ನಿಂತೀತೋ ಇಲ್ಲವೋ ಎಂದು ಇಷ್ಟು ದಿನ ಯಾರಿಗೂ ಹೇಳಿರಲಿಲ್ಲ. ಅವಳ ದಿನ ತುಂಬುವುದು ಅಕ್ಟೋಬರ್ ಹತ್ತರ ಸುಮಾರಿಗೆ. ಡಾಕ್ಟರ್ ಮಮ್‌ದೂಹ್ ಹತ್ತಿರ ಮಾತಾಡಿದ್ದೇನೆ, ಸೆಪ್ಟೆಂಬರ್ ಇಪ್ಪತ್ತೊಂಬತ್ತು ಗುರುವಾರ ಕೊಯ್ದು ತೆಗೆದುಕೊಡುತ್ತಾರೆ. ಅಕ್ಟೋಬರ್ ಒಂದಕ್ಕೆ ಆರು ತುಂಬಿದ ಮಗುವಿಗಷ್ಟೇ ಆ ವರ್ಷ ಶಾಲೆ. ಒಂದು ದಿನ ಕಮ್ಮಿಯಾದರೂ ಇನ್ನೊಂದು ವರ್ಷ ಮನೆಯಲ್ಲಿ ನೊಣ ಹೊಡೆಯುತ್ತಾ ಕೂರಬೇಕು. ನನ್ನ ಮೊಮ್ಮಗು ಹಾಗೆ ಕೂರುವುದಿಲ್ಲ.

ಇದರಲ್ಲಿ ನೀನು ಮೂಗು ತೂರಿಸಬೇಡ. ಕೈರೋಗೆ ಗಾಡಿ ಓಡಿಸುವ ಉಸ್ತಾ ಬಯ್ಯೂಮಿ ತನ್ನ ಮೈಕ್ರೊಬಸ್ಸಿನಲ್ಲಿ ಈ ಪತ್ರದ ಜೊತೆ ಅಕ್ಕಿ ತುಂಬಿದ ಪಾರಿವಾಳ ತಂದುಕೊಡುತ್ತಾನೆ. ಬಿಸಿ ಮಾಡಿ ತಿನ್ನು, ಪಾತ್ರೆ ತೊಳೆದು ಅವನ ಕೈಯಲ್ಲೇ ವಾಪಸ್ ಕಳಿಸು. ಹಿಂದಿನ ಎರಡು ಮುಚ್ಚಳ ಇನ್ನೂ ನಿನ್ನ ಹತ್ತಿರವೇ ಇವೆ.

ನಿನ್ನ ತಾಯಿ,
ಇಹ್ಸಾನ್


ಕೈರೋ
24 ಜುಲೈ 2016

ಅಮ್ಮಾ,

ಪಾರಿವಾಳ ಮಾಡಿದ ನಿನ್ನ ಕೈಗೆ ಮುತ್ತಿಡಬೇಕು. ಮುಚ್ಚಳಗಳನ್ನು ಕಳಿಸಿದ್ದೇನೆ. ನಿನ್ನ ಧ್ವನಿಯನ್ನು ಚಿತ್ರದಿಂದ ತೆಗೆದುಹಾಕಿದ್ದೇನೆ. ಕೇಳದೆ ಹಾಕಿದ್ದು ತಪ್ಪು, ಆದರೆ ನೀನು ಹೇಳಿದ್ದೂ ತಪ್ಪೇ.

ಒಂದು ವರ್ಷದಿಂದ ನಾನು ಇದೇ ಕೆಲಸದಲ್ಲಿದ್ದೇನೆ, ಅಮ್ಮಾ. ಬಾಣಂತಿಯರ ಎದುರು ಕ್ಯಾಮೆರಾ ಇಟ್ಟು ಒಂದೇ ಪ್ರಶ್ನೆ ಕೇಳುತ್ತೇನೆ: ನಿಮ್ಮನ್ನು ಯಾಕೆ ಕೊಯ್ದರು? ಕೈರೋದವಳೂ ಹೇಳುತ್ತಾಳೆ, ತಾಂತಾದವಳೂ ಹೇಳುತ್ತಾಳೆ, "ಹೊಕ್ಕುಳಬಳ್ಳಿ ಕುತ್ತಿಗೆಗೆ ಸುತ್ಕೊಂಡಿತ್ತಂತೆ." ಒಬ್ಬಳಿಗೆ ಸುತ್ತಿಕೊಂಡಿರಬಹುದು, ಹತ್ತು ಜನಕ್ಕೆ ಇರಬಹುದು. ಎಲ್ಲರಿಗೂ ಸುತ್ತಿಕೊಳ್ಳಲು ಅದೇನು ಚಳಿಗಾಲದ ಮಫ್ಲರೇ? ಒಬ್ಬ ಡಾಕ್ಟರು ನಗುತ್ತಾ ಹೇಳಿದರು, "ಹೆರಿಗೆ ಅಂದ್ರೆ ರಾತ್ರಿಯೆಲ್ಲ ಕಾಯ್ಬೇಕು ಮೇಡಂ. ಕೊಯ್ದ್ರೆ ಊಟದ ಹೊತ್ತಿಗೆ ಮನೆ." ಅದನ್ನು ಹಾಗೆಯೇ ಚಿತ್ರದಲ್ಲಿ ಇಟ್ಟಿದ್ದೇನೆ.

ಈಗ ನನ್ನ ಮನೆಯಲ್ಲೇ ಅದು ನಡೆಯುತ್ತಿದೆ, ಅದೂ ಶಾಲೆಯ ತಾರೀಖಿಗಾಗಿ! ನನ್ನದು ಒಂದೇ ಪ್ರಶ್ನೆ. ರಬಾಬ್‌ಳನ್ನು ಕೇಳಿದೆಯಾ?

ಮೈಸಾ


ದಮನ್‌ಹೂರ್
2 ಆಗಸ್ಟ್ 2016

ಮೈಸಾ,

ಕೇಳಿದೆಯಾ ಎಂದು ಕೇಳಿದ್ದೀಯ. ಒಲೆಗೆ ಹಾಕುವ ಮುಂಚೆ ಯಾರಾದರೂ ರೊಟ್ಟಿಯನ್ನು ಕೇಳುತ್ತಾರೆಯೇ? ಆದರೂ ನಿನ್ನ ಸಮಾಧಾನಕ್ಕೆ ಕೇಳಿದೆ. "ರಬಾಬ್, ಇಪ್ಪತ್ತೊಂಬತ್ತಕ್ಕೆ ಆಗ್ಬಹುದೇನಮ್ಮಾ?" "ನೀವು ಹೇಳ್ದ ಹಾಗೆ ಅತ್ತೆ" ಎಂದಳು. ಸಾರಿಗೆ ಉಪ್ಪು ಸಾಕಾ ಎಂದರೂ ಅವಳು "ನೀವು ಹೇಳ್ದ ಹಾಗೆ" ಎನ್ನುತ್ತಾಳೆ. ಒಳ್ಳೆಯ ಹುಡುಗಿ, ನಿನ್ನಂತಲ್ಲ.

ನೀನು ಶಾಲೆಯ ತಾರೀಖು ಎಂದು ಹಗುರವಾಗಿ ಬರೆದುಬಿಟ್ಟೆ. ನಿನ್ನ ತಮ್ಮ ಹಾತೆಮ್ ಹುಟ್ಟಿದ್ದು ಅಕ್ಟೋಬರ್ ಮೂರಕ್ಕೆ. ಎರಡೇ ದಿನ! ಒಂದು ವರ್ಷ ತಡವಾಗಿ ಶಾಲೆಗೆ ಹೋದ. ತರಗತಿಯಲ್ಲಿ ಎಲ್ಲರಿಗಿಂತ ಉದ್ದ, ಮಕ್ಕಳು "ತಾತಾ, ತಾತಾ" ಎಂದು ಅಳಿಸಿ ಕಳಿಸುತ್ತಿದ್ದರು. ಅದಾದರೂ ಹೋಗಲಿ. ಅವನಿಗಿಂತ ಒಂದು ವರ್ಷ ಮುಂದೆ ಕಲಿತು ಹೊರಬಿದ್ದವರನ್ನು ವಿದ್ಯುತ್ ಇಲಾಖೆ ಸಾರಾಸಗಟಾಗಿ ಕೆಲಸಕ್ಕೆ ತೆಗೆದುಕೊಂಡಿತು. ಇವನ ಸರದಿ ಬರುವ ಹೊತ್ತಿಗೆ ಬಾಗಿಲು ಹಾಕಿತ್ತು. ಅವನ ಜೊತೆ ಗೋಲಿ ಆಡಿದ ಪಕ್ಕದ ಮನೆಯ ಹುಡುಗ ಇವತ್ತು ಕಚೇರಿಯಲ್ಲಿ ಫ್ಯಾನಿನ ಕೆಳಗೆ ಕೂತಿದ್ದಾನೆ. ನನ್ನ ಮಗ ಪರರ ವ್ಯಾನ್ ಓಡಿಸಿಕೊಂಡು ಅಂಗಡಿ ಅಂಗಡಿಗೆ ಸಾಬೂನಿನ ಪೆಟ್ಟಿಗೆ ಇಳಿಸುತ್ತಾನೆ. ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ. ಎರಡು ದಿನ ಮುಂಚೆ ಹೊಟ್ಟೆ ಕೊಯ್ಯಿಸಿಕೊಳ್ಳಬಹುದು ಎಂದು ಅಂದು ಯಾರಾದರೂ ಹೇಳಿದ್ದರೆ ಚಾಕು ನಾನೇ ಮಸೆದುಕೊಡುತ್ತಿದ್ದೆ.

ಇನ್ನು ನಿನ್ನ ಕ್ಯಾಮೆರಾ. ನೀನು ಈ ಮನೆಗೆ ಅದನ್ನು ತರುವ ಆಲೋಚನೆಯಲ್ಲಿದ್ದೀಯ ಎಂದು ನನಗೆ ಗೊತ್ತು. ಹಸಿ ಮಾಂಸ ಹಿಡಿದವರು, ಬದನೆಕಾಯಿ ಹಿಡಿದವರು, ಆಗತಾನೆ ಕ್ಷೌರ ಮಾಡಿಸಿಕೊಂಡವರು ಬಾಣಂತಿಯ ಕೋಣೆಗೆ ಕಾಲಿಟ್ಟರೆ ಹಾಲು ನಿಂತುಹೋಗುತ್ತದೆ ಎಂದು ಹಿರಿಯರು ಹೇಳಿದ್ದಾರೆ. ಕ್ಯಾಮೆರಾ ಹಿಡಿದವರ ಬಗ್ಗೆ ಏನೂ ಹೇಳಿಲ್ಲ. ಅವರಿಗೆ ನಿನ್ನ ಪರಿಚಯ ಇರಲಿಲ್ಲ.

ಇಹ್ಸಾನ್


ದಮನ್‌ಹೂರ್
20 ಆಗಸ್ಟ್ 2016

ಮೈಸಾ ಅಕ್ಕಾ,

ನಿಮ್ಮಿಬ್ಬರ ಪಾತ್ರೆ, ಪತ್ರಗಳನ್ನು ಬಸ್ ಸ್ಟ್ಯಾಂಡಿಗೆ ಒಯ್ಯುವವಳು ನಾನೇ. ಈ ಸಲ ಜೊತೆಗೆ ನನ್ನದೊಂದು ಇಟ್ಟಿದ್ದೇನೆ. ಫೋನಿನಲ್ಲಿ ಮಾತಾಡಿದರೆ ಈ ಮನೆಯ ಗೋಡೆಗಳಿಗೆಲ್ಲ ಕೇಳಿಸುತ್ತದೆ.

ಅತ್ತೆ ಕೆಟ್ಟವರಲ್ಲ. ನನ್ನ ಕಾಲು ಊದಿದರೆ ಉಪ್ಪುನೀರು ಕಾಯಿಸಿ ತಂದು ತಾವೇ ಒತ್ತುತ್ತಾರೆ. ಹಾಗೆ ಒತ್ತುತ್ತಿರುವವರಿಗೆ ಬೇಡ ಎಂದು ಹೇಳುವುದು ಹೇಗೆ? ನನ್ನ ಬಾಯಿಂದ "ನೀವು ಹೇಳ್ದ ಹಾಗೆ" ಎಂಬುದು ತಾನಾಗಿ ಬಂದುಬಿಡುತ್ತದೆ. ಚಿಕ್ಕಂದಿನಿಂದಲೂ ಹಾಗೆಯೇ.

ಆದರೆ ನನಗೆ ಭಯ, ಅಕ್ಕಾ. ರಶೀದ್‌ನಲ್ಲಿರುವ ನನ್ನ ಅಕ್ಕ ಸಬಾಹ್ ನಿಮಗೆ ಗೊತ್ತಲ್ಲ, ಮದುವೆಯಲ್ಲಿ ಎಲ್ಲರಿಗಿಂತ ಜೋರಾಗಿ ಹಾಡಿದವಳು. ಮೊದಲನೆಯದಕ್ಕೆ ಅವಳನ್ನು ಕೊಯ್ದರು, ಡಾಕ್ಟರಿಗೆ ಊರಿಗೆ ಹೋಗುವ ಅವಸರವಿತ್ತು. ಎರಡನೆಯದಕ್ಕೆ, ಮೊದಲೇ ಕೊಯ್ದಿದೆಯಲ್ಲ ಎಂದು ಕೊಯ್ದರು. ಮೂರನೆಯದಕ್ಕೆ ಮಾಸು ಹಳೆಯ ಗಾಯಕ್ಕೆ ಅಂಟಿಕೊಂಡು ಬಿಡಲೇ ಇಲ್ಲ, ಗರ್ಭಕೋಶವನ್ನೇ ತೆಗೆದರು. ರಕ್ತ ಕೊಡಲು ಊರಿನ ಮೀನುಗಾರರೆಲ್ಲ ಬಲೆ ಬಿಟ್ಟು ಬಂದಿದ್ದರು. ಅವಳು ಬದುಕಿದಳು, ಆದರೆ ಈಗ ಹಾಡುವುದಿಲ್ಲ. ಅವಳಿಗೆ ಹೆಚ್ಚುಕಮ್ಮಿ ನನ್ನಷ್ಟೇ ವಯಸ್ಸು ಎಂದರೆ ಯಾರೂ ನಂಬುವುದಿಲ್ಲ, ಇರುವುದು ಒಂದೇ ವರ್ಷದ ಅಂತರ.

ಕೊಯ್ಯಲೇಬೇಕಾದರೆ ಕೊಯ್ಯಲಿ, ನಾನು ಹುಚ್ಚಿಯಲ್ಲ. ಮಗುವಿಗೆ ಕಷ್ಟ ಎಂದರೆ ನಾನೇ ಹೊಟ್ಟೆ ಚಾಚಿ ಮಲಗುತ್ತೇನೆ. ಆದರೆ ಶಾಲೆಗೋಸ್ಕರ ಬೇಡ.

ನೀವು ಕ್ಯಾಮೆರಾ ತೆಗೆದುಕೊಂಡು ಬನ್ನಿ, ಅಕ್ಕಾ. ಅದರ ಎದುರು ಯಾರೂ ಕೂಗಾಡುವುದಿಲ್ಲ, ಡಾಕ್ಟರೂ ಯೋಚಿಸಿ ಮಾತಾಡುತ್ತಾರೆ. ನನಗೆ ಹೇಳಲಾಗದ್ದನ್ನು ಅದಾದರೂ ಹೇಳಲಿ.

ನಿಮ್ಮ
ರಬಾಬ್


ಕೈರೋ
24 ಆಗಸ್ಟ್ 2016

ಪ್ರೀತಿಯ ರಬಾಬ್,

ನಿನ್ನ ಪತ್ರ ಓದಿ ಎದ್ದು ಕುಣಿದೆ! ಒಂದು ವರ್ಷದಿಂದ ನಾನು ಹುಡುಕುತ್ತಿದ್ದದ್ದು ನಿನ್ನನ್ನೇ. ನನಗೆ ಸಿಕ್ಕವರೆಲ್ಲ ಕೊಯ್ಯಿಸಿಕೊಂಡು ಆಮೇಲೆ ಅತ್ತವರು. ಮುಂಚೆಯೇ ಬೇಡ ಎಂದು ನಿಲ್ಲುವ ಒಬ್ಬಳಿಲ್ಲದೆ ನನ್ನ ಚಿತ್ರಕ್ಕೆ ಕೊನೆಯೇ ಇರಲಿಲ್ಲ. ನೀನೇ ಆ ಕೊನೆ.

ಅಲೆಕ್ಸಾಂಡ್ರಿಯಾದಲ್ಲಿ ಡಾಕ್ಟರ್ ನಶ್ವಾ ಎಂಬವರಿದ್ದಾರೆ. ಚಿತ್ರೀಕರಣಕ್ಕೆ ಹೋದಾಗ ಪರಿಚಯವಾಯಿತು. ಕಾಯುವುದು ಗೊತ್ತಿರುವ ಡಾಕ್ಟರು. ನೋವು ತಿನ್ನುವವಳ ಪಕ್ಕ ಕುರ್ಚಿ ಹಾಕಿಕೊಂಡು ಸ್ವೆಟರ್ ಹೆಣೆಯುತ್ತಾ ಕೂರುತ್ತಾರೆ. ಸಬಾಹ್ ಮನೆಗೆ ಎಂದು ಹೇಳಿ ಒಂದು ದಿನ ಹೋಗಿ ತೋರಿಸಿಕೊಂಡು ಬಾ. ಅವರ ಕೋಣೆಗೆ ಸಮುದ್ರದ ಕಡೆ ದೊಡ್ಡ ಕಿಟಕಿಯಿದೆ, ಬೆಳಿಗ್ಗೆಯ ಬೆಳಕು ತುಂಬ ಚೆನ್ನಾಗಿ ಬೀಳುತ್ತದೆ. ಹಳದಿ ಉಡುಪು ಬೇಡ, ಮುಖ ಬಾಡಿದಂತೆ ಕಾಣುತ್ತದೆ. ನೀಲಿ ಇದ್ದರೆ ಅದನ್ನು ಇಟ್ಟುಕೋ.

ಗಟ್ಟಿಯಾಗಿರು. ಅಮ್ಮ ಏನೇ ಹೇಳಲಿ, ಯಾರೇ ಹೆದರಿಸಲಿ, ಒಪ್ಪಬೇಡ. ಒಂದು ವೇಳೆ ಕೊನೆಗೆ ಅವರು ನಿನ್ನನ್ನು ಕೊಯ್ದೇ ಬಿಟ್ಟರೂ ಎದೆಗುಂದಬೇಡ, ಅದನ್ನೂ ಚಿತ್ರೀಕರಿಸೋಣ. ಚಿತ್ರಕ್ಕೆ ಅದೂ ಬಲವಾದ ಮುಕ್ತಾಯವೇ.

ನಿನ್ನ
ಮೈಸಾ ಅಕ್ಕ


ದಮನ್‌ಹೂರ್
15 ಸೆಪ್ಟೆಂಬರ್ 2016

ಮೈಸಾ,

ಬಕ್ರೀದಿನ ಮಾಂಸ ಕಳಿಸಿದ್ದೇನೆ, ನೀನು ಯೋಗ್ಯಳೆಂದಲ್ಲ, ಪಾಲು ಪಾಲೇ.

ಬಯ್ಯೂಮಿ ಬಾಯಿ ಬಿಟ್ಟ. ಅಕ್ಕನ ಮನೆಗೆ ಎಂದು ಹೋದವಳು ಅಲೆಕ್ಸಾಂಡ್ರಿಯಾದ ಬಸ್ಸಿನಿಂದ ಇಳಿದದ್ದನ್ನು ಅವನು ಕಂಡನಂತೆ. ನಾನು ಕೇಳಿದ್ದಕ್ಕೆ ರಬಾಬ್ ಎಲ್ಲವನ್ನೂ ಹೇಳಿ, ಅತ್ತು, ಬಾಗಿಲು ಹಾಕಿಕೊಂಡಳು. ಸುಳ್ಳು ಗೊತ್ತಿಲ್ಲದ ಹುಡುಗಿಗೆ ಸುಳ್ಳು ಕಲಿಸಿದೆಯಲ್ಲ, ಹೊಟ್ಟೆ ತಣ್ಣಗಾಯಿತೇ? ಊರಿಗೆಲ್ಲ ಬೆಳಕು ಹಿಡಿಯುವವಳು ನನ್ನ ಮನೆಗೆ ಬೆಂಕಿ ಇಟ್ಟೆ.

ಈಗ ಕೇಳು, ಇದು ಶಾಲೆಯ ಮಾತಲ್ಲ. ನಿನ್ನೆ ಡಾಕ್ಟರ್ ಮಮ್‌ದೂಹ್ ನೋಡಿದರು. "ಗರ್ಭದಲ್ಲಿ ನೀರು ಕಮ್ಮಿ ಇದೆ ಹಾಜಾ. ಇಪ್ಪತ್ತೊಂಬತ್ತು ದಾಟಿ ಒಂದ್ ದಿನಾನೂ ಕಾಯೋ ಹಾಗಿಲ್ಲ" ಎಂದರು. ಮೂರು ವರ್ಷ ಕಾದು, ಸಿಕ್ಕ ಸಿಕ್ಕ ಸಂತರ ಗೋರಿಗೆ ಮೇಣದಬತ್ತಿ ಹಚ್ಚಿ ಪಡೆದ ಕೂಸು. ಅದು ಒಳಗೇ ಒಣಗಿ ಸತ್ತರೆ ನಿನ್ನ ಸಿನಿಮಾ ಅದಕ್ಕೆ ನೀರು ಹಾಕುತ್ತದೆಯೇ? ಆ ಹೆಣದ ಎದುರೂ ನೀನು ಕ್ಯಾಮೆರಾ ಇಡುತ್ತೀಯಾ?

ರಬಾಬ್ ಈಗ ಯಾರೊಡನೆಯೂ ಮಾತಾಡುವುದಿಲ್ಲ. ತಟ್ಟೆ ಇಟ್ಟರೆ ಎರಡು ತುತ್ತು ತಿಂದು ಏಳುತ್ತಾಳೆ. ಹಾತೆಮ್ ನನ್ನ ಮುಖವನ್ನೂ ನೋಡುವುದಿಲ್ಲ, ಅವಳ ಮುಖವನ್ನೂ ನೋಡುವುದಿಲ್ಲ, ಗೋಡೆ ನೋಡಿಕೊಂಡು ಉಣ್ಣುತ್ತಾನೆ.

ಬೇಕಿದ್ದರೆ ಏಳನೇ ದಿನದ ಶಾಸ್ತ್ರಕ್ಕೆ ಬಾ. ಜರಡಿಯಲ್ಲಿ ಮಲಗಿದ ಕೂಸನ್ನು ಎಷ್ಟು ಬೇಕಾದರೂ ಚಿತ್ರ ತೆಗೆದುಕೋ. ಅಲ್ಲಿಯವರೆಗೆ ಈ ಮೆಟ್ಟಿಲು ಹತ್ತಬೇಡ.

ಇಹ್ಸಾನ್


ಕೈರೋ
19 ಸೆಪ್ಟೆಂಬರ್ 2016

ಅಮ್ಮಾ,

ಡಾಕ್ಟರ್ ನಶ್ವಾ ಅದೇ ವಾರ ಅವಳನ್ನು ನೋಡಿದ್ದಾರೆ. ನೀರು ಬೇಕಾದಷ್ಟಿದೆ ಎಂದರು. ಮಗು ಚೆನ್ನಾಗಿ ಒದೆಯುತ್ತಿದೆ ಎಂದರು. ನಿನ್ನ ಡಾಕ್ಟರ ನೀರು ಯಾಕೆ ಶಾಲೆಯ ತಾರೀಖಿಗೆ ಸರಿಯಾಗಿ ಬತ್ತುತ್ತದೆ?

ನಿನ್ನೆ ಇಲ್ಲಿ ಒಂದು ದೊಡ್ಡ ಆಸ್ಪತ್ರೆಯಲ್ಲಿ ಚಿತ್ರೀಕರಿಸಿದೆ. ಗೋಡೆಯ ಮೇಲೆ ಬರುವ ವಾರಗಳ ಶಸ್ತ್ರಚಿಕಿತ್ಸೆಯ ಹಲಗೆಯಿತ್ತು. ಸೆಪ್ಟೆಂಬರಿನ ಕೊನೆಯ ದಿನಗಳಲ್ಲಿ ಹೆಸರು ಬರೆಯಲು ಜಾಗವಿಲ್ಲ, ಒಂದರ ಮೇಲೊಂದು ಬರೆದಿದ್ದಾರೆ. ಅಕ್ಟೋಬರಿನ ಮೊದಲ ದಿನಗಳು ಖಾಲಿ. ನರ್ಸನ್ನು ಕೇಳಿದೆ, "ಒಂದನೇ ತಾರೀಖಿನಿಂದ ಈಜಿಪ್ಟಿನಲ್ಲಿ ಮಕ್ಕಳು ಹುಟ್ಟೋದೇ ಇಲ್ವಾ?" ಅವಳು ನಕ್ಕು, "ಆಗ ನಾವು ಊರಿಗೆ ಹೋಗ್ತೀವಿ" ಎಂದಳು. ನಿನಗೆ ಇದು ನಗುವ ಮಾತೇ?

ನಾನು ತೀರ್ಮಾನ ಮಾಡಿದ್ದೇನೆ. ಇಪ್ಪತ್ತೆಂಟನೇ ತಾರೀಖು ಬುಧವಾರ ಬೆಳಿಗ್ಗೆ ಬಂದು ರಬಾಬ್‌ಳನ್ನು ಅಲೆಕ್ಸಾಂಡ್ರಿಯಾಗೆ ಕರೆದುಕೊಂಡು ಹೋಗುತ್ತೇನೆ. ಕ್ಯಾಮೆರಾ ನನ್ನ ಹೆಗಲ ಮೇಲೆಯೇ ಇರುತ್ತದೆ. ತಡೆಯುವುದಿದ್ದರೆ ಅದರ ಮುಂದೆ ತಡೆ.

ಮೈಸಾ


ದಮನ್‌ಹೂರ್
27 ಸೆಪ್ಟೆಂಬರ್ 2016

ಮೈಸಾ,

ಬುಧವಾರ ಎಂದು ಬರೆದು ಸೋಮವಾರವೇ ಕದ್ದುಕೊಂಡು ಹೋದೆಯಾ? ನಾನು ಮಧ್ಯಾಹ್ನದ ನಮಾಜು ಮುಗಿಸಿ ನೋಡಿದರೆ ಅವಳ ಕೋಣೆ ಖಾಲಿ. ಚೀಲವಿಲ್ಲ, ಮಗುವಿಗೆಂದು ನಾನು ಹೊಲಿದ ಬಟ್ಟೆಯೂ ಇಲ್ಲ. ನನ್ನ ಆಣೆ ಮುರಿದು ನಿನಗೆ ಫೋನ್ ಮಾಡಿದೆ, ಮತ್ತೆ ಮತ್ತೆ ಮಾಡಿದೆ. ನಿನ್ನದು ಬಂದ್. ಅವಳದೂ ಬಂದ್.

ಅವಳಿಗೆ ನೀರು ಕಮ್ಮಿ ಇದೆ, ಮೈಸಾ. ಬಸ್ಸಿನ ಕುಲುಕಾಟಕ್ಕೆ ಏನಾದರೂ ಆದರೆ? ನಿನ್ನ ಕಾಲು ಹಿಡಿಯುತ್ತೇನೆ, ಅವಳನ್ನು ಕರೆತಂದು ಬಿಡು. ಬೇಕಾದ್ದು ಚಿತ್ರ ತೆಗೆದುಕೋ, ನನ್ನ ಧ್ವನಿ ಹಾಕು, ನನ್ನ ಮುಖ ಹಾಕು, ನಾನೇ ರಾಕ್ಷಸಿ ಎಂದು ಜಗತ್ತಿಗೆಲ್ಲ ತೋರಿಸು.

ಹಾತೆಮ್ ಬಾಯಿಗೆ ಬೀಗ ಹಾಕಿಕೊಂಡು ಕೂತಿದ್ದಾನೆ. ಹೆಂಡತಿ ಕಾಣೆಯಾದವನು ಎರಡನೇ ಸಲ ಅನ್ನ ಹಾಕಿಸಿಕೊಳ್ಳುತ್ತಾನೆಯೇ? ನನಗೊಂದೂ ಅರ್ಥವಾಗುತ್ತಿಲ್ಲ. ಬಯ್ಯೂಮಿ ಇಂಜಿನ್ ಚಾಲೂ ಇಟ್ಟುಕೊಂಡು ನಿಂತಿದ್ದಾನೆ. ಅವನ ಕೈಯಲ್ಲೇ ಉತ್ತರ ಕಳಿಸು.

ಅಮ್ಮ


ಕೈರೋ
27 ಸೆಪ್ಟೆಂಬರ್ 2016

ಅಮ್ಮಾ,

ನಿಂತುಕೊಂಡೇ ಬರೆಯುತ್ತಿದ್ದೇನೆ. ನಿನ್ನೆಯಿಂದ ಚಿತ್ರೀಕರಣದಲ್ಲೇ ಇದ್ದೆ, ಫೋನ್ ಆಫ್ ಮಾಡಿದ್ದೆ. ಈಗ ನಾನು ಮಾಡಿದರೆ ನೀನು ಎತ್ತುತ್ತಿಲ್ಲ.

ರಬಾಬ್ ನನ್ನ ಹತ್ತಿರ ಇಲ್ಲ. ಅಪ್ಪನ ಆತ್ಮದಾಣೆ, ಇಲ್ಲ. ಡಾಕ್ಟರ್ ನಶ್ವಾರಿಗೆ ಫೋನ್ ಮಾಡಿದೆ, ಅಲ್ಲಿಯೂ ಇಲ್ಲ.

ನಿಜ ಹೇಳು. ನನ್ನನ್ನು ತಪ್ಪಿಸಲು ನೀನೇ ಮುಂಚಿತವಾಗಿ ಅವಳನ್ನು ಆ ಮಮ್‌ದೂಹ್‌ನ ಆಸ್ಪತ್ರೆಗೆ ಸೇರಿಸಿಲ್ಲ ತಾನೇ? ಸೇರಿಸಿದ್ದರೆ ಹಾಗೆಂದಾದರೂ ಹೇಳಿಬಿಡು, ಬೈಯುವುದಿಲ್ಲ. ಅವಳು ಎಲ್ಲಿದ್ದಾಳೆ ಎಂದು ಗೊತ್ತಾದರೆ ಸಾಕು.

ಮೈಸಾ


ರಶೀದ್
28 ಸೆಪ್ಟೆಂಬರ್ 2016

ಅತ್ತೆಯವರಿಗೂ ಮೈಸಾ ಅಕ್ಕನಿಗೂ,

ಎರಡು ಪ್ರತಿ ಬರೆದಿದ್ದೇನೆ, ಒಂದಕ್ಷರ ವ್ಯತ್ಯಾಸವಿಲ್ಲದೆ. ನಾನು ಸಬಾಹ್ ಮನೆಯಲ್ಲಿದ್ದೇನೆ. ಹಾತೆಮ್ ಅವರೇ ಸಾಬೂನಿನ ವ್ಯಾನಿನಲ್ಲಿ ಕರೆತಂದು ಬಿಟ್ಟರು. ಅವರನ್ನು ಬೈಯಬೇಡಿ ಅತ್ತೆ, ಯಾರಿಗೂ ಹೇಳಬಾರದು ಎಂದು ನಾನೇ ಆಣೆ ಹಾಕಿಸಿದ್ದೆ. ಇಲ್ಲಿಗೆ ಹತ್ತಿರದಲ್ಲೇ ಸರ್ಕಾರಿ ಆಸ್ಪತ್ರೆಯಿದೆ, ನಿನ್ನೆ ಹೋಗಿ ಮಗುವಿನ ಎದೆಬಡಿತ ಕೇಳಿಸಿಕೊಂಡು ಬಂದೆ. ನೀರೂ ಇದೆ ಎಂದರು. ನಾಳೆಯೂ ಹೋಗುತ್ತೇನೆ. ಹಾಗಾಗಿ ಹೆದರಬೇಡಿ.

ಮೈಸಾ ಅಕ್ಕಾ, ನಿಮ್ಮ ಪತ್ರ ಹಿಡಿದು ತುಂಬ ಅತ್ತೆ. ಕೊಯ್ದರೂ ಚಿತ್ರಕ್ಕೆ ಒಳ್ಳೆಯ ಮುಕ್ತಾಯ ಎಂದು ಬರೆದಿದ್ದೀರಿ. ನಾನು ನಿಮ್ಮನ್ನು ಕರೆದದ್ದು ಕೊಯ್ಯದಿರಲಿ ಎಂದು. ನಿಮಗೆ ಎರಡೂ ಆದೀತು. ನನಗೆ ಆಗದು.

ಅತ್ತೆ, ನಿಮಗೆ ಮಗು ಒಂದನೇ ತಾರೀಖಿನ ಒಳಗೆ ಬೇಕು. ಮೈಸಾ ಅಕ್ಕನಿಗೆ ಒಂದನೇ ತಾರೀಖಿನ ಆಚೆ ಬೇಕು, ಕಿಟಕಿಯ ಪಕ್ಕ, ನೀಲಿ ಬಟ್ಟೆಯಲ್ಲಿ. ಗಂಡ ಹೆಂಡಿರ ಜಗಳದಲ್ಲಿ ಕೂಸು ಬಡವಾಯಿತು ಎನ್ನುತ್ತಾರೆ. ತಾಯಿ ಮಗಳ ಜಗಳದಲ್ಲಿ ನನ್ನ ಕೂಸು ಹುಟ್ಟುವ ಮುಂಚೆಯೇ ಬಡವಾಗುವುದು ಬೇಡ.

ನನಗೆ ಎದುರು ನಿಂತು ಬೇಡ ಎನ್ನಲು ಬರುವುದಿಲ್ಲ. ಓಡಿಬರಲು ಬಂತು. ಒಂದನೇ ತಾರೀಖು ದಾಟಿಬಿಟ್ಟರೆ ನನ್ನ ಹೊಟ್ಟೆ ಯಾರಿಗೂ ಬೇಡ. ಎರಡಕ್ಕೆ ಮನೆಗೆ ಬರುತ್ತೇನೆ. ಅಕ್ಕಾ, ಕ್ಯಾಮೆರಾ ಬೇಡ.

ರಬಾಬ್


ದಮನ್‌ಹೂರ್
18 ಅಕ್ಟೋಬರ್ 2016

ಮೈಸಾ,

ನಿನ್ನೆ ಏಳನೇ ದಿನದ ಶಾಸ್ತ್ರ ಆಯಿತು. ನೀನು ಬರಲಿಲ್ಲ. ಕ್ಯಾಮೆರಾ ಬೇಡ ಎಂದರೆ ನೀನೂ ಬೇಡ ಎಂದು ಅವಳು ಹೇಳಿದಳೇ? ನಿನ್ನ ಮೂಗಿನ ಮೇಲಿನ ಕೋಪ ನಿನ್ನ ಅಪ್ಪನದು, ನನ್ನದಲ್ಲ. ಹೆಣ್ಣು ಕೂಸು ಹುಟ್ಟಿದೆ ಎಂದು ಹಾತೆಮ್ ಫೋನಿನಲ್ಲಿ ಹೇಳಿದ್ದಾನೆ. ಉಳಿದದ್ದನ್ನು ನಾನು ಬರೆಯುತ್ತೇನೆ, ಗಂಡಸರು ಹೇಳುವ ಕಥೆಗೆ ಬಾಲವೂ ಇರುವುದಿಲ್ಲ, ತಲೆಯೂ ಇರುವುದಿಲ್ಲ.

ಎರಡನೇ ತಾರೀಖು ಅವಳು ಹೇಳಿದ ಹಾಗೆಯೇ ಬಂದಳು, ಒಂದು ಬುಟ್ಟಿ ರಶೀದಿನ ಖರ್ಜೂರ ಹೊತ್ತುಕೊಂಡು. ನೇರ ಡಾಕ್ಟರ್ ಮಮ್‌ದೂಹ್ ಹತ್ತಿರ ಹೋದೆ. "ಹುಡುಗಿ ಸಿಕ್ಕಿದಾಳೆ, ಇವತ್ತೇ ಕೊಯ್ದುಬಿಡಿ, ನೀರು ಕಮ್ಮಿ ಇದೆ ಅಂದಿದ್ರಲ್ಲ" ಎಂದೆ. ಅವರು ಚಹಾ ಕುಡಿಯುತ್ತಾ, "ಈಗ ಏನ್ ಅವಸರ ಹಾಜಾ? ತಾರೀಖು ಹೇಗೂ ಹೋಯ್ತು. ಬರ್ಲಿ ಬಿಡಿ, ತಾನಾಗೇ ಬರ್ಲಿ" ಎಂದರು. "ನೀರು?" ಎಂದೆ. "ನೀರಿಗೇನಾಗಿದೆ, ನೀರು ಇದೆ" ಎಂದರು. "ನೀವೇ ತಾನೇ ಒಂದನೇ ತಾರೀಖಿನೊಳಗೆ ಬೇಕು ಅಂದದ್ದು? ಕೊಯ್ಯೋಕೆ ಒಂದು ಕಾರಣ ಬೇಡ್ವಾ ಹಾಜಾ?" ಎಂದು ನಕ್ಕರು.

ಆ ಹದಿನೆಂಟು ದಿನ ನಾನು ನಿದ್ದೆ ಮಾಡಿರಲಿಲ್ಲ, ಮೈಸಾ. ಕೂಸು ಒಣಗುತ್ತಿದೆ ಎಂದು ಕಣ್ಣು ಮುಚ್ಚಿದರೆ ಕಾಣುತ್ತಿತ್ತು. ಅವನು ಚಹಾ ಕುಡಿಯುತ್ತಾ ನಗುತ್ತಾನೆ. ಅವನ ಬಟ್ಟಲು ಕಿತ್ತು ಮುಖಕ್ಕೆ ಎಸೆಯಬೇಕು ಎನಿಸಿತು. ಎಸೆಯಲಿಲ್ಲ, ಯಾಕೆಂದರೆ ಕೇಳಿದ್ದು ನಾನೇ. ಮೆಟ್ಟಿಲು ಹತ್ತಿ ಮನೆಗೆ ಬಂದು ಅವಳ ಕಾಲಿಗೆ ಉಪ್ಪುನೀರು ಕಾಯಿಸಿದೆ. ಅವಳೇ ಹೇಳಿದಳು, "ಅತ್ತೆ, ನಾನು ಅಲೆಕ್ಸಾಂಡ್ರಿಯಾದಲ್ಲಿ ಹೆರ್ತೀನಿ. ನೀವು ಜೊತೆಗೆ ಬರ್ಬೇಕು." ಅದು ಕೇಳಿದ್ದಲ್ಲ, ಹೇಳಿದ್ದು.

ಹನ್ನೊಂದಕ್ಕೆ ಬೆಳಿಗ್ಗೆ ನೋವು ಬಂತು. ಹಾತೆಮ್ ಸಾಬೂನಿನ ಜೊತೆ ಯಾವುದೋ ಊರಿನಲ್ಲಿದ್ದ. ಬಯ್ಯೂಮಿ ಕೈರೋ ಪ್ರಯಾಣಿಕರನ್ನೆಲ್ಲ ಬೇರೆ ಗಾಡಿಗೆ ದಬ್ಬಿ ನಮ್ಮನ್ನು ಹತ್ತಿಸಿಕೊಂಡ. ನಿನ್ನ ಡಾಕ್ಟರ್ ನಶ್ವಾ ನಿಜವಾಗಿ ಸ್ವೆಟರ್ ಹೆಣೆಯುತ್ತಾಳೆ, ಹೆಣಿಗೆ ಮಾತ್ರ ಕೆಟ್ಟದು. ಮಧ್ಯಾಹ್ನ ಕಳೆದರೂ ಕೂಸು ಇಳಿಯಲಿಲ್ಲ. ರಬಾಬ್ ಮಂಚದ ಕಂಬಿ ಹಿಡಿದು ಕೂಗಿದಳು. ಆಗ ಆ ಡಾಕ್ಟರು ಕೈಚೀಲಕ್ಕೆ ಉಣ್ಣೆ ತುರುಕಿ ಎದ್ದು ನನ್ನ ಹತ್ತಿರ ಬಂದು, "ಹಾಜಾ, ಇದು ತಡವಾಗ್ತಿದೆ. ಕೂಸಿನ ಎದೆಬಡಿತ ಈಗ ಚೆನ್ನಾಗಿದೆ. ಕೊಯ್ಯಬಹುದು, ಇನ್ನೂ ಸ್ವಲ್ಪ ಕಾಯಲೂಬಹುದು. ಏನಂತೀರಿ?" ಎಂದಳು.

ನನ್ನನ್ನು ಕೇಳಿದಳು. ಇಂಥ ಡಾಕ್ಟರೂ ನನ್ನನ್ನೇ ಕೇಳಿದಳು! ಕೊಯ್ಯಿ ಎಂಬ ಮಾತು ನನ್ನ ನಾಲಗೆಯ ತುದಿಯಲ್ಲಿತ್ತು, ಪ್ರವಾದಿಯಾಣೆ. ಈ ಸಲ ಶಾಲೆಗಲ್ಲ, ಆ ಕೂಗು ನಿಂತರೆ ಸಾಕಿತ್ತು. ಆದರೆ ಬಾಯಿಂದ ಬಂದದ್ದು, "ನನ್ನನ್ಯಾಕಮ್ಮಾ ಕೇಳ್ತೀಯ? ಹೆರೋಳು ಅಲ್ಲಿದಾಳೆ, ಅವಳನ್ನ ಕೇಳು" ಎಂಬ ಮಾತು.

ಡಾಕ್ಟರು ಅವಳನ್ನು ಕೇಳಿದಳು. ರಬಾಬ್ ಬೆವರು ಒರೆಸಿಕೊಂಡು, "ಮಗುಗೆ ಕಷ್ಟ ಇದೆಯಾ?" ಎಂದಳು. "ಈಗ ಇಲ್ಲ. ಬಡಿತ ಇಳಿದ್ರೆ ಆ ಕ್ಷಣ ಕೊಯ್ತೀನಿ." "ಹಾಗಿದ್ರೆ ಕಾಯೋಣ." ನನ್ನನ್ನು ನೋಡಲೂ ಇಲ್ಲ. ಆಮೇಲೆ ಕಾದೆವು. ಯಂತ್ರದಲ್ಲಿ ಕೂಸಿನ ಎದೆ ಬಡಿಯುವುದನ್ನು ಕೇಳುತ್ತಾ ನಾನು ತಲೆವಸ್ತ್ರದ ತುದಿ ಕಚ್ಚಿ ಹರಿದೆ. ಸಂಜೆಯ ಬಾಂಗಿಗೆ ಮುಂಚೆ ಕೂಸು ಬಂತು. ನಿನ್ನ ದೊಡ್ಡ ಕಿಟಕಿಯ ಪರದೆ ಎಳೆದಿತ್ತು, ಅವಳು ಉಟ್ಟಿದ್ದು ಹಳದಿ.

ಹೆಸರು ಸಲ್ಸಬೀಲ್, ಸ್ವರ್ಗದ ಚಿಲುಮೆ. ರಬಾಬ್‌ಳೇ ಇಟ್ಟದ್ದು. ನೀರು ಕಮ್ಮಿ ಎಂದವನ ಮುಖಕ್ಕೆ ಹೊಡೆದಂತಾಯಿತು ಎಂದು ನಾನು ಎಲ್ಲರಿಗೂ ಹೇಳಿಕೊಂಡು ಬಂದೆ.

ನಿನ್ನೆ ಕೂಸನ್ನು ಜರಡಿಯಲ್ಲಿ ಮಲಗಿಸಿ, ಅದರ ಕಿವಿಯ ಹತ್ತಿರ ಹಿತ್ತಾಳೆ ಕುಟ್ಟಾಣಿ ಕುಟ್ಟಲು ನನ್ನನ್ನು ಕೂರಿಸಿದರು. ಏನು ಕೂಗಬೇಕೆಂದು ನಿನಗೆ ಗೊತ್ತಲ್ಲ, ನಿನ್ನ ಕಿವಿಯಲ್ಲೂ ಕೂಗಿದ್ದರು: ಅಮ್ಮನ ಮಾತು ಕೇಳು, ಅಪ್ಪನ ಮಾತು ಕೇಳಬೇಡ. ನಾನು ಕುಟ್ಟಿದೆ, ಊರಿಗೆಲ್ಲ ಕೇಳುವ ಹಾಗೆ ಕುಟ್ಟಿದೆ. "ಅಮ್ಮನ ಮಾತು ಕೇಳು! ಅಜ್ಜಿ ಮಾತು ಕೇಳ್ಬೇಡ! ಸೋದರತ್ತೆ ಮಾತು ಕೇಳ್ಬೇಡ! ಡಾಕ್ಟರ ಮಾತು ಯೋಚ್ನೆ ಮಾಡಿ ಕೇಳು!" ಹೆಂಗಸರೆಲ್ಲ ಬಿದ್ದು ಬಿದ್ದು ನಕ್ಕರು. ರಬಾಬ್ ನಗಲಿಲ್ಲ, ನನ್ನನ್ನು ತಬ್ಬಿಕೊಂಡಳು. ನಾನು ಅತ್ತುಬಿಟ್ಟೆ, ಹಾಳಾದ್ದು.

ಹಾತೆಮ್ ಅದನ್ನೆಲ್ಲ ಫೋನಿನಲ್ಲಿ ಹಿಡಿದಿದ್ದಾನೆ. ನಿನ್ನ ಸಿನಿಮಾಗೆ ಕೊನೆಯಿಲ್ಲ ಎಂದು ಒದ್ದಾಡುತ್ತಿದ್ದೀಯಂತೆ. ನನ್ನ ಧ್ವನಿ ಹಾಕಿಕೋ, ಈ ಸಲ ನಾನೇ ಹೇಳುತ್ತಿದ್ದೇನೆ. ಆದರೆ ಕೂಸೂ ಬಾಣಂತಿಯೂ ಅದರಲ್ಲಿದ್ದಾರೆ. ಮೊದಲು ಅವಳನ್ನು ಕೇಳು.

ಮೊಘಾತ್ ಪುಡಿ ಕಳಿಸಿದ್ದೇನೆ. ಬಾಣಂತಿಗೆ ಕುಡಿಸುವುದು, ಆದರೆ ನಿನಗೂ ಪುಷ್ಟಿ ಬೇಕು. ತುಪ್ಪದಲ್ಲಿ ಹುರಿ, ಎಣ್ಣೆಯಲ್ಲಲ್ಲ.

ನಿನ್ನ ಅಮ್ಮ,
ಇಹ್ಸಾನ್


ದಮನ್‌ಹೂರ್
30 ಅಕ್ಟೋಬರ್ 2016

ಮೈಸಾ ಅಕ್ಕಾ,

ನಿಮ್ಮ ಪತ್ರ ಬಂತು. ಕ್ಷಮೆ ಕೇಳಿದ್ದೀರಿ, ಅದನ್ನು ಮುಗಿಸಿಬಿಡೋಣ, ಅದರ ಮಾತು ಇನ್ನು ಬೇಡ. ಆಮೇಲೆ, ಚಿತ್ರದ ಕೊನೆಯಲ್ಲಿ ನನ್ನ ಮುಖವನ್ನೂ ಸಲ್ಸಬೀಲ್‌ಳನ್ನೂ ತೋರಿಸಬಹುದೇ ಎಂದು ಕೇಳಿದ್ದೀರಿ. ತುಂಬ ಚೆನ್ನಾಗಿ ಕೇಳಿದ್ದೀರಿ, ಅತ್ತೆಗೆ ಓದಿ ಹೇಳಿದಾಗ ಅವರ ಕಣ್ಣು ತುಂಬಿತು. ಎರಡು ದಿನ ಯೋಚಿಸಿದೆ.

ಬೇಡ ಅಕ್ಕಾ.

ಬರೆದ ಮೇಲೆ ನನಗೇ ಆಶ್ಚರ್ಯವಾಗುತ್ತಿದೆ. ಅತ್ತೆಯ ಧ್ವನಿ ಅತ್ತೆಯದು, ಕುಟ್ಟಾಣಿಯ ಸದ್ದಿನ ಜೊತೆ ತೆಗೆದುಕೊಳ್ಳಿ. ನಮ್ಮಿಬ್ಬರ ಮುಖ ನಮ್ಮ ಹತ್ತಿರವೇ ಇರಲಿ.

ನೀವು ಮಾತ್ರ ಬನ್ನಿ. ಇವಳು ಈಗಲೇ ಭಾರವಾಗಿದ್ದಾಳೆ, ನಮ್ಮದು ನಾಲ್ಕನೇ ಮಹಡಿ, ಲಸಿಕೆ ಹಾಕಿಸಿಕೊಂಡು ಬರುವಾಗ ಎತ್ತಿಕೊಳ್ಳಲು ಇನ್ನೊಂದು ಕೈ ಬೇಕು. ಎರಡೂ ಕೈ ಖಾಲಿ ಇಟ್ಟುಕೊಂಡು ಬನ್ನಿ.

ನಿಮ್ಮ
ರಬಾಬ್